ಆಂಟಿಯ ಕಲ್ಲಿಗೆ ಹದ್ದುಬಸ್ತು

ಎಪ್ಪತ್ತೊಂದನೆಯ ವಯಸ್ಸಿನಲ್ಲಿ ನನಗೆ ಮತ್ತೆ ನೌಕರಿ ಸಿಕ್ಕಿತು. ಹುದ್ದೆಯ ಹೆಸರು ‘ಸಮರ್ಥ ಸಂಗಾತಿ’. ನೇಮಕಾತಿ ಪ್ರಾಧಿಕಾರ ನನ್ನ ಹೆಂಡತಿ. ಅರ್ಜಿಯನ್ನಂತೂ ನಾನು ಹಾಕಿರಲಿಲ್ಲ.

ಆಸ್ಟ್ರೇಲಿಯಾದ ಪರ್ತ್ ನಗರದ ಪಿಯಾರಾ ವಾಟರ್ಸ್‌ನಲ್ಲಿ ನಾವಿರುವ ಮಗಳ ಮನೆಗೆ ಹೊಂದಿಕೊಂಡ ಬೇಲಿಯ ಆ ಕಡೆ ಒಬ್ಬ ಯಹೂದಿ ಹೆಂಗಸು ಇದ್ದಾರೆ. ಎಂಬತ್ತೆಂಟು ವರ್ಷ. ಚಕ್ರದ ವಾಕರ್ ಇದೆ, ಕಿವಿ ಚುರುಕಾಗಿದೆ, ನಾಲಿಗೆ ಇನ್ನೂ ಚುರುಕು. ಈ ಊರಿನ ನಮ್ಮವರ ರೂಢಿಯಂತೆ ನಾನೂ ಅವರನ್ನು ‘ಆಂಟಿ’ ಎನ್ನುತ್ತೇನೆ. ಬೋಳು ತಲೆಯ ಮುದುಕನೊಬ್ಬ ಬೇಲಿಯ ಮೇಲಿಂದ ‘ಆಂಟೀ’ ಎಂದು ಕೂಗುವುದನ್ನು ಕೇಳಿ ನನ್ನ ಮೊಮ್ಮಗಳು, ‘ತಾತಾ, ಸ್ಟಾಪ್, ಇಟ್ಸ್ ಸೋ ಎಂಬರಸಿಂಗ್’ ಎನ್ನುತ್ತಾಳೆ. ಆಂಟಿ ನನ್ನನ್ನು ‘ಸರ್ವೇಯರ್’ ಎನ್ನುತ್ತಾರೆ. ನಾನು ಮೈಸೂರು ಕಡೆ ಮೂವತ್ತೈದು ವರ್ಷ ಸರ್ವೆ ಇಲಾಖೆಯಲ್ಲಿ ಜಮೀನು ಅಳೆದವನು ಎಂದು ಮೊದಲ ದಿನವೇ ಹೇಳಿಕೊಂಡಿದ್ದೆ. ಅಳೆಯುವುದಕ್ಕೆ ಈಗ ಏನೂ ಉಳಿದಿಲ್ಲವಾಗಿ ಮನೆಯವರನ್ನು ಅಳೆಯುತ್ತಿದ್ದೇನೆ ಎಂಬುದು ಹೆಂಡತಿಯ ದೂರು.

ಆಂಟಿ ಒಂದು ಪ್ರವಾಸಕ್ಕೆ ಹೆಸರು ಕೊಟ್ಟಿದ್ದರು. ಆಸ್ಟ್ರೇಲಿಯಾದ ಯಹೂದಿಗಳ ಹಳೆಯ ಪ್ರಾರ್ಥನಾ ಮಂದಿರಗಳು, ವಸ್ತುಸಂಗ್ರಹಾಲಯಗಳು, ನಾಜಿಗಳು ಅವರ ಜನವನ್ನು ಊರೂರೇ ಬಳಿದು ಕೊಂದ ಕಾಲದ ಸ್ಮಾರಕಗಳು: ಭಾನುವಾರದಿಂದ ಶುಕ್ರವಾರದವರೆಗೆ ಪರ್ತ್, ಬ್ರಿಸ್ಬೇನ್, ಅಡಿಲೇಡ್. ಎಂಬತ್ತೈದು ದಾಟಿದವರು ಒಬ್ಬ ಸಮರ್ಥ ಸಂಗಾತಿಯನ್ನು ಕರೆತರತಕ್ಕದ್ದು ಎಂದು ನಿಯಮ. ಆಂಟಿಯ ಮಗನಿಗೆ ವೆಲ್ಷ್‌ಪೂಲಿನ ಗೋದಾಮಿನಲ್ಲಿ ಆ ವಾರ ಪೂರ್ತಿ ಶಿಫ್ಟು. ಈ ಕಷ್ಟವನ್ನು ಅವರು ಬೇಲಿಯ ಹತ್ತಿರ ನನ್ನ ಹೆಂಡತಿಗೆ ಹೇಳಿದರು. ನನ್ನ ಹೆಂಡತಿ ಉಸಿರು ಕೂಡ ಎಳೆದುಕೊಳ್ಳಲಿಲ್ಲ.

‘ಇವರನ್ನ ಕರ್ಕೊಂಡು ಹೋಗಿ ಆಂಟಿ. ಸುಮ್ನೆ ಕೂತಿದಾರೆ.’

‘ನಾನು ಸುಮ್ನೆ ಎಲ್ಲಿ ಕೂತಿದೀನಿ?’ ಎಂದೆ.

‘ಅದೇ ರೀ ಕಷ್ಟ. ಸುಮ್ನೇನೂ ಕೂರಲ್ಲ ನೀವು.’

ಹೀಗೆ ಆದೇಶ ಜಾರಿಯಾಯಿತು.

ಭಾನುವಾರ ಬೆಳಿಗ್ಗೆ ಹದಿನಾಲ್ಕು ಜನ ಬಸ್ಸು ಹತ್ತಿದೆವು. ನನ್ನನ್ನು ಬಿಟ್ಟರೆ ಎಲ್ಲರೂ ಯಹೂದಿಗಳು. ಎಲ್ಲರಿಗೂ ನನ್ನನ್ನು ಸೇರಿಸಿ ಮಂಡಿನೋವು. ಗೈಡ್ ಐವತ್ತರ ಆಸುಪಾಸಿನ ಹೆಂಗಸು, ಹಿಂದೆ ಶಾಲೆಯಲ್ಲಿ ಆಟದ ಟೀಚರ್ ಆಗಿದ್ದವರು. ಕಿತ್ತಳೆ ಬಣ್ಣದ ಛತ್ರಿಯನ್ನು ಬಿಸಿಲಿರಲಿ ನೆರಳಿರಲಿ ಎತ್ತಿ ಹಿಡಿದಿರುತ್ತಿದ್ದರು. ನಾವು ಅದರ ಹಿಂದೆ ಉತ್ಸವಮೂರ್ತಿಯ ಹಿಂದಿನ ಪರಿವಾರದ ಹಾಗೆ ಸಾಗುತ್ತಿದ್ದೆವು. ಕೈಯಲ್ಲಿ ವೇಳಾಪಟ್ಟಿ. ಶುಕ್ರವಾರ ಸೂರ್ಯ ಮುಳುಗಿದರೆ ಅವರ ವಾರದ ವಿಶ್ರಾಂತಿ ದಿನ ಶುರು, ಆಮೇಲೆ ವಾಹನ ಹತ್ತುವ ಹಾಗಿಲ್ಲ. ಆದ್ದರಿಂದ ಶುಕ್ರವಾರ ಹನ್ನೊಂದು ಗಂಟೆಗೆ ಅಡಿಲೇಡಿನಲ್ಲಿ ಬಸ್ಸು ಹತ್ತಿರಬೇಕು ಎಂದು ಆಕೆ ಭಾನುವಾರ ಒಂಬತ್ತು ಗಂಟೆಗೇ ಎಚ್ಚರಿಸಿದರು. ಇಂಥ ಅಧಿಕಾರಿಯೊಬ್ಬರು ನಮ್ಮ ಇಲಾಖೆಯಲ್ಲಿ ಇದ್ದಿದ್ದರೆ ಇಡೀ ತಾಲ್ಲೂಕಿನ ಪೋಡಿ, ಅಂದರೆ ಜಮೀನು ಅಳೆದು ಹಿಸ್ಸೆ ಮಾಡುವ ಕೆಲಸ, ಒಂದೇ ವರ್ಷದಲ್ಲಿ ಮುಗಿಯುತ್ತಿತ್ತು, ಅರ್ಧ ಸಿಬ್ಬಂದಿ ರಾಜೀನಾಮೆ ಕೊಡುತ್ತಿತ್ತು.

ಮೊದಲ ನಿಲ್ದಾಣ ಒಂದು ಪ್ರಾರ್ಥನಾ ಮಂದಿರ. ಬಾಗಿಲಲ್ಲಿ ಗಂಡಸರಿಗೆಲ್ಲ ಅಂಗೈಯಗಲದ ಬಟ್ಟೆ ಟೋಪಿ ಕೊಟ್ಟರು. ಕೂದಲಿದ್ದವರಿಗೆ ಅದು ಕೂತಿತು. ನನ್ನ ತಲೆಯ ಮೇಲೆ ಅದಕ್ಕೆ ಹಿಡಿದುಕೊಳ್ಳಲು ಏನೂ ಇರಲಿಲ್ಲವಾಗಿ, ತಲೆಯನ್ನು ತುಂಬಿದ ಕೊಡದಂತೆ ಅಲ್ಲಾಡಿಸದೆ ನಡೆದೆ. ನಮ್ಮಲ್ಲಿ ದೇವರ ಮುಂದೆ ತಲೆಯ ಮೇಲಿನದನ್ನು ತೆಗೆಯುತ್ತೇವೆ, ಇವರು ಹಾಕಿಕೊಳ್ಳುತ್ತಾರೆ; ದೇವರಿಗೆ ಎರಡೂ ಅಭ್ಯಾಸವಾಗಿರಬೇಕು ಎಂದುಕೊಂಡೆ. ಈ ತತ್ವಚಿಂತನೆಯ ಭರದಲ್ಲಿ ಕಾಲು ತನ್ನ ಕೆಲಸವನ್ನು ತಾನು ಮಾಡಿ ಮುಗಿಸಿತ್ತು. ಎಪ್ಪತ್ತು ವರ್ಷದ ಅಭ್ಯಾಸದಂತೆ ನಾನು ಹೊರಬಾಗಿಲ ಪಕ್ಕದಲ್ಲಿ ಬೂಟು ಬಿಚ್ಚಿ ನೀಟಾಗಿ ಜೋಡಿಸಿಟ್ಟು ಕಾಲುಚೀಲದಲ್ಲಿ ಒಳಗೆ ಹೋಗಿದ್ದೆ. ಬಲಗಾಲ ಹೆಬ್ಬೆರಳು ತೂತಿನಿಂದ ಹೊರಗೆ ಬಂದು ಅದೂ ದರ್ಶನ ಮಾಡುತ್ತಿತ್ತು.

ಇಂಥ ಜಾಗಗಳಿಗೆ ಕಾವಲು ಬಿಗಿ, ಕಾರಣವೂ ಇದೆ. ವಾರಸುದಾರರಿಲ್ಲದ ವಸ್ತು ಬಾಗಿಲಲ್ಲಿ ಕಂಡರೆ ಕಾವಲಿನವನು ಏನು ಮಾಡಬೇಕೋ ಅದನ್ನೇ ಮಾಡಿದ. ಐದು ನಿಮಿಷದಲ್ಲಿ ನನ್ನ ಒಂಬತ್ತನೇ ನಂಬರಿನ ಕಂದು ಬೂಟುಗಳ ಸುತ್ತ ಹತ್ತು ಅಡಿ ಜಾಗ ಖಾಲಿಯಾಗಿತ್ತು. ‘ಇವು ಯಾರವು?’ ಎಂದು ಅವನು ಒಳಗೆ ಬಂದು ಕೇಳಿದಾಗ ಎಲ್ಲರೂ ಒಮ್ಮೆಗೇ ತಂತಮ್ಮ ಪಾದ ನೋಡಿಕೊಂಡರು. ಆಮೇಲೆ ನನ್ನವನ್ನು ನೋಡಿದರು.

ನಾನು ಗೇಟಿನ ಬಳಿ ಅರ್ಧ ಗಂಟೆ ಹೇಳಿಕೆ ಕೊಟ್ಟೆ. ನಮ್ಮ ದೇಶದಲ್ಲಿ ಗುಡಿಯ ಮುಂದೆ ಸಾವಿರಾರು ಜೊತೆ ಚಪ್ಪಲಿಗಳು ವಾರಸುದಾರರಿಲ್ಲದೆ ಬಿದ್ದಿರುತ್ತವೆ, ಹೆಚ್ಚೆಂದರೆ ಕಳುವಾಗುತ್ತವೆ ಎಂದು ವಿವರಿಸಿದೆ. ಆತ ಸಭ್ಯ ಮನುಷ್ಯ. ಎಲ್ಲ ಬರೆದುಕೊಂಡ. ಅಷ್ಟು ಹೊತ್ತಿಗೆ ಒಳಗೆ ಗೈಡ್ ತಮ್ಮ ಪದ್ಧತಿಗಳ ಕುರಿತ ಉಪನ್ಯಾಸ ಮುಗಿಸಿಬಿಟ್ಟಿದ್ದರು: ಪ್ರಾರ್ಥನೆ ಹೇಗೆ, ಊಟ ಹೇಗೆ, ಸ್ಮಶಾನದಲ್ಲಿ ಹೇಗೆ. ನಾನು ಕಳೆದುಕೊಂಡದ್ದು ಅರ್ಧ ಗಂಟೆಯ ಮಾತು, ಅಷ್ಟೇ ತಾನೆ ಎಂದುಕೊಂಡೆ. ಆ ಮಾತಿನಲ್ಲಿ ಒಂದೇ ಒಂದು ವಾಕ್ಯ ನನ್ನ ಕಿವಿಗೆ ಬಿದ್ದಿದ್ದರೆ ಈ ಬರಹ ಇರುತ್ತಿರಲಿಲ್ಲ.

‘ಸರ್ವೇಯರ್, ನನ್ನನ್ನು ನೀನು ನೋಡಿಕೊಳ್ಳಬೇಕಾದ್ದೋ, ನಿನ್ನನ್ನು ನಾನೋ?’ ಎಂದರು ಆಂಟಿ.

‘ನಿಯಮದಲ್ಲಿ ಸ್ಪಷ್ಟವಿಲ್ಲ ಆಂಟಿ.’

ಊಟದ ವಿಷಯದಲ್ಲಿ ಮಾತ್ರ ನನ್ನ ಯೋಗ್ಯತೆ ಬೆಳಗಿತು. ಹಾಲಿನ ಪಾತ್ರೆ ಬೇರೆ, ಮಾಂಸದ ಪಾತ್ರೆ ಬೇರೆ, ಸ್ಪಂಜು ಸಹ ಬೇರೆ ಎಂದು ಅವರು ಹೇಳಿದಾಗ, ನಮ್ಮ ಅಮ್ಮನ ಮಡಿಯ ಅಡುಗೆಮನೆಯಲ್ಲಿ ಮುಸುರೆಯ ಸೌಟು ಉಪ್ಪಿನಕಾಯಿ ಭರಣಿಯ ಕಡೆ ನೋಡಿದರೂ ಭರಣಿ ಕೆಡುತ್ತಿತ್ತು ಎಂದೆ. ಆಂಟಿ ಫೋರ್ಕನ್ನು ಕೆಳಗಿಟ್ಟು, ‘ನಿನ್ನ ಅಮ್ಮ, ನನ್ನ ಅಮ್ಮ ಇಬ್ಬರೂ ಒಂದೇ ಅಡುಗೆಮನೆಯಲ್ಲಿ ಸೇರಿದ್ದರೆ ಯಾರಿಗೂ ಊಟ ಸಿಗುತ್ತಿರಲಿಲ್ಲ’ ಎಂದು ತೀರ್ಪು ಕೊಟ್ಟರು.

ಮಂಗಳವಾರ ಬ್ರಿಸ್ಬೇನಿಗೆ ಹಾರಿದೆವು. ನನ್ನ ಚೀಲದಲ್ಲಿ ಹೆಂಡತಿ ಇಟ್ಟಿದ್ದ ಚಟ್ನಿಪುಡಿಯನ್ನು ಭದ್ರತೆಯವರು ಎರಡು ಸಲ ಮೂಸಿ ನೋಡಿದರು. ಬೂಟಿನ ಖ್ಯಾತಿ ನನಗಿಂತ ಮುಂಚೆ ತಲುಪಿದೆಯೆಂದು ಆಂಟಿ ಅಭಿಪ್ರಾಯಪಟ್ಟರು.

ಬುಧವಾರ ಅಲ್ಲಿನ ವಸ್ತುಸಂಗ್ರಹಾಲಯ. ಇಲ್ಲಿ ನನ್ನ ತಮಾಷೆ ಬಾಗಿಲಲ್ಲೇ ನಿಂತಿತು. ಒಳಗೆ ಅದಕ್ಕೆ ಕೆಲಸವಿರಲಿಲ್ಲ. ಫೋಟೋಗಳು, ಒಂದು ಮಗುವಿನ ಕೋಟು, ಯಾರದೋ ಚಮಚ. ಗೋಡೆಯ ಪಕ್ಕ ಒಂದು ಕಂಪ್ಯೂಟರ್, ಸತ್ತವರ ಹೆಸರು ಹುಡುಕಲು. ಆಂಟಿ ವಾಕರ್ ನೂಕಿಕೊಂಡು ನೇರ ಅದರ ಮುಂದೆ ಹೋಗಿ ನಿಂತರು. ಗೈಡ್ ಆಂಟಿಯ ಅಕ್ಕನ ಹೆಸರನ್ನು ಟೈಪ್ ಮಾಡಿದರು. ಸಿಗಲಿಲ್ಲ. ಕಾಗುಣಿತ ಬದಲಿಸಿ ಮತ್ತೆ. ಊರಿನ ಹೆಸರು ಹಾಕಿ ಮತ್ತೆ. ತಂದೆಯ ಹೆಸರು ಹಾಕಿ.

‘ಬಿಡು’ ಎಂದರು ಆಂಟಿ. ‘ಇಪ್ಪತ್ತು ವರ್ಷದಿಂದ ಹುಡುಕ್ತಿದೀನಿ. ಕಂಪ್ಯೂಟರ್ ಬದಲಾಗುತ್ತೆ, ಉತ್ತರ ಬದಲಾಗಲ್ಲ.’

ಹೊರಗೆ ಬೆಂಚಿನ ಮೇಲೆ ಕೂತೆವು. ಏನಾದರೂ ಹೇಳಬೇಕೆಂದು ನಾನು ‘ಆಂಟಿ...’ ಎಂದು ಶುರು ಮಾಡಿದೆ.

‘ನಿನಗೊಂದು ವಿಷಯ ಗೊತ್ತಾ? ನೀವು ಇಂಡಿಯಾದವರು ಪಿಯಾರಾ ವಾಟರ್ಸಿಗೆ ಬರೋವರೆಗೆ ನನ್ನನ್ನ ಯಾರೂ ಆಂಟಿ ಅಂದಿರಲಿಲ್ಲ. ಅನ್ನಬೇಕಾದವರು ಹುಟ್ಟಲೇ ಇಲ್ಲ.’

ಆಮೇಲೆ ಕೈಚೀಲದ ಒಳಜೇಬಿನಿಂದ ಒಂದು ಕಲ್ಲು ತೆಗೆದು ಅಂಗೈಯಲ್ಲಿಟ್ಟು ತೋರಿಸಿದರು. ಗಜ್ಜುಗದ ಗಾತ್ರದ ಬೂದುಬಣ್ಣದ ಕಲ್ಲು. ಒಂದು ಮಗ್ಗುಲು ಸ್ವಲ್ಪ ಚಪ್ಪಟೆ. ನೋಡುವಂಥದ್ದು ಅದರಲ್ಲಿ ಏನೂ ಇರಲಿಲ್ಲ.

ಅವರು ಹಂಗೇರಿಯ ಒಂದು ಸಣ್ಣ ಊರಿನವರು. ಆಗ ಇವರಿಗೆ ಆರು ವರ್ಷ, ಅಕ್ಕನಿಗೆ ಹನ್ನೊಂದು. ಇಬ್ಬರೂ ಹೊಸಿಲ ಮೇಲೆ ಕೂತು ಐದು ಕಲ್ಲಿನ ಆಟ ಆಡುತ್ತಿದ್ದರಂತೆ. ಎಸೆಯುವುದು, ಅಂಗೈ ಹಿಂದೆ ಹಿಡಿಯುವುದು, ನಮ್ಮ ಹುಡುಗಿಯರು ಜಗಲಿಯ ಮೇಲೆ ಆಡುವ ಹಾಗೇ. ಊರಿನ ಯಹೂದಿಗಳನ್ನೆಲ್ಲ ರೈಲಿಗೆ ತುಂಬುತ್ತಾರೆಂಬ ಸುದ್ದಿ ಬಂದಾಗ ಪರಿಚಯದ ರೈತನೊಬ್ಬ ಒಂದು ಮಗುವನ್ನು ಮಾತ್ರ ಬಚ್ಚಿಡಬಲ್ಲೆ ಎಂದ. ಚಿಕ್ಕವಳನ್ನು ಕಳಿಸಿದರು. ಹೊರಡುವಾಗ ಅಕ್ಕ ಐದರಲ್ಲಿ ಒಂದು ಕಲ್ಲನ್ನು ಇವರ ಕೈಗೆ ಕೊಟ್ಟಳು. ‘ನಾಲ್ಕು ನನ್ನ ಹತ್ರ ಇರುತ್ತೆ. ನಾಲ್ಕರಲ್ಲಿ ಆಟ ಆಗಲ್ಲ. ನೀನು ಬರೋತನಕ ನಾನು ಯಾರ ಜೊತೆಗೂ ಆಡೋಕಾಗಲ್ಲ, ಅಳಬೇಡ.’

‘ಅವಳಿಗೆ ಗೋರಿ ಇಲ್ಲ, ಪಟ್ಟಿಯಲ್ಲಿ ಹೆಸರಿಲ್ಲ’ ಎಂದರು ಆಂಟಿ. ‘ಅವಳು ಇದ್ದಳು ಅನ್ನೋದಕ್ಕೆ ನಾನು, ಈ ಕಲ್ಲು, ಇಬ್ಬರೇ ಸಾಕ್ಷಿ. ನಾನು ಹೋದ ಮೇಲೆ ನನ್ನ ಮಗ ಚೀಲ ಕೊಡವಿದಾಗ ಇದು ಕಸದ ಡಬ್ಬಿಗೆ ಬೀಳುತ್ತೆ. ಅವನದು ತಪ್ಪಲ್ಲ, ಕಲ್ಲು ಕಲ್ಲಿನ ಹಾಗೇ ಇದೆ. ಅದಕ್ಕೇ ಅಡಿಲೇಡಿಗೆ ಹೊರಟಿದೀನಿ. ಶುಕ್ರವಾರ ಅಲ್ಲಿ ಸ್ಮಾರಕದ ಮುಂದೆ ಹೆಸರು ಓದ್ತಾರೆ. ಅವಳಿಗೆ ಭೂಮಿ ಮೇಲೆ ಒಂದು ಜಾಗ ಆಗಬೇಕು.’

ಅಡಿಲೇಡಿನಲ್ಲಿ ಆ ಕಲ್ಲನ್ನು ಏನು ಮಾಡುತ್ತಾರೆಂದು ನಾನು ಕೇಳಲಿಲ್ಲ. ಕೇಳುವಂಥ ಹೊತ್ತಾಗಿರಲಿಲ್ಲ ಅದು. ನನಗೆ ತಿಳಿದಿದ್ದು, ಜಾಗವಿಲ್ಲದ ಮನುಷ್ಯ ಎಂದರೇನು ಎಂಬುದಷ್ಟೇ. ಮೂವತ್ತೈದು ವರ್ಷ ಜನ ನನ್ನ ಮೇಜಿನ ಮುಂದೆ ನಿಂತು ಅದನ್ನೇ ಹೇಳಿದ್ದರು.

ಗುರುವಾರ ಮಧ್ಯಾಹ್ನ ಅಡಿಲೇಡು. ಊಟವಾದ ಮೇಲೆ ಗುಂಪು ಸ್ಮಶಾನದಲ್ಲಿರುವ ಸ್ಮಾರಕವನ್ನು ಒಮ್ಮೆ ನೋಡಿ ಬರುವುದಿತ್ತು. ನನಗೆ ಮಾತ್ರ ರಜೆ ಮಂಜೂರಾಗಿತ್ತು. ಅಲ್ಲೇ ಬ್ಲೇರ್ ಅಥಾಲ್ ಬಡಾವಣೆಯಲ್ಲಿರುವ ನನ್ನ ತಂಗಿಯ ಮಗ ‘ಮಾವ, ಆರ್ವೋ ಬಂದು ಪಿಕಪ್ ಮಾಡ್ತೀನಿ, ರೆಡಿ ಇರಿ’ ಎಂದು ಇಲ್ಲಿನವರ ಹಾಗೆ ಮಧ್ಯಾಹ್ನವನ್ನು ಮೊಟಕು ಮಾಡಿ ಹೇಳಿ ನನ್ನನ್ನು ಅಪಹರಿಸಿದ. ಅವನ ಹೆಂಡತಿ ಬಿಸಿಬೇಳೆಬಾತ್ ಮಾಡಿದ್ದಳು. ನಾಲ್ಕು ದಿನದ ಉಪವಾಸದ ನಂತರ ನಾನು ಅದನ್ನು ಹೇಗೆ ತಿಂದೆನೆಂದು ಬರೆಯುವುದು ಈ ಬರಹದ ಗಾಂಭೀರ್ಯಕ್ಕೆ ತಕ್ಕದ್ದಲ್ಲ. ನಾಳೆಯ ಕಾರ್ಯಕ್ರಮದ ವಿಷಯ ಕೇಳಿ ಅವಳು ಹಿತ್ತಲಿನ ಚೆಂಡುಹೂ ಕಿತ್ತು, ಉದ್ದನೆಯ ದಾರದಲ್ಲಿ ಮಾಲೆ ಕಟ್ಟಿಕೊಟ್ಟಳು. ‘ಬರಿಗೈಲಿ ಹೇಗೆ ಹೋಗ್ತೀರಾ ಮಾವ?’

ಅದೇ ಹೊತ್ತಿನಲ್ಲಿ, ನನಗೆ ತಿಳಿಯದಂತೆ, ಆಂಟಿ ವಾಕರ್ ನೂಕಿಕೊಂಡು ಸ್ಮಾರಕದವರೆಗೆ ಹೋಗಿ, ಅದರ ಕಟ್ಟೆಯ ಮೇಲೆ ಕಲ್ಲನ್ನಿಟ್ಟು ಬಂದಿದ್ದರು. ಒಂದು ರಾತ್ರಿ ಅಲ್ಲಿರಲಿ, ಅದಕ್ಕೆ ಒಗ್ಗುತ್ತದೋ ನೋಡೋಣ, ಬೆಳಿಗ್ಗೆ ಹೆಸರು ಓದಿ ಪೂರ್ತಿಯಾಗಿ ಬಿಟ್ಟುಬರುತ್ತೇನೆ ಎಂದು ಗೈಡಿಗೆ ಹೇಳಿದರಂತೆ.

ಶುಕ್ರವಾರ ಬೆಳಿಗ್ಗೆ ಎಂಟಕ್ಕೆ ಸೋದರಳಿಯ ನನ್ನನ್ನು ಸ್ಮಶಾನದ ಗೇಟಿನಲ್ಲಿಳಿಸಿ ಕೆಲಸಕ್ಕೆ ಹೋದ. ಬಸ್ಸು ಬರುವುದು ಒಂಬತ್ತಕ್ಕೆ. ಕಾರ್ಯಕ್ರಮಕ್ಕೆ ಒಂದು ಗಂಟೆ ಮುಂಚೆ ಹಾಜರಾಗುವುದು, ಹಾಜರಾದ ಮೇಲೆ ಸುಮ್ಮನೆ ನಿಲ್ಲದಿರುವುದು, ನನ್ನ ಎರಡು ಹಳೆಯ ಕಾಯಿಲೆ.

ಸ್ಮಾರಕ ಕಪ್ಪು ಕಲ್ಲಿನದು, ಎದೆಯೆತ್ತರ, ಮುಂದೆ ಒಂದು ಕಟ್ಟೆ. ಕಟ್ಟೆಯ ಮೇಲೆ ಧೂಳು, ಎಲೆ, ಹಕ್ಕಿಯ ಹಿಕ್ಕೆ, ಅದರ ಮೇಲೆ ಎರಡು ಬೊಗಸೆಯಷ್ಟು ಚಿಲ್ಲರೆ ಕಲ್ಲುಗಳು. ಪೋಲಿ ಹುಡುಗರ ಕೆಲಸ ಎಂದುಕೊಂಡೆ. ಹಬ್ಬದ ದಿನ ಕಟ್ಟೆ ತೊಳೆಯದೆ ಹೂವಿಡುವ ಮನೆತನ ನಮ್ಮದಲ್ಲ. ಗೇಟಿನ ಪಕ್ಕ ಕೈತೊಳೆಯುವ ನಲ್ಲಿಯಿತ್ತು, ಅಲ್ಲೇ ಒಂದು ಬಕೆಟ್ ಇತ್ತು. ಕೋಟು ಬಿಚ್ಚಿದೆ, ನೀರು ಸಿಡಿಯುತ್ತದೆಂದು ಕನ್ನಡಕವನ್ನೂ ತೆಗೆದಿಟ್ಟೆ. ಮೊಣಕೈಯಿಂದ ಒಂದೇ ಸಲ ಬಳಿದು ಕಲ್ಲುಗಳನ್ನು ಬಕೆಟ್ಟಿಗೆ ತಳ್ಳಿ, ಹತ್ತಿರದ ಗುಲಾಬಿ ಗಿಡದ ಬುಡದ ಜಲ್ಲಿಯ ಮೇಲೆ ಚೆಲ್ಲಿದೆ. ಮೂರು ಬಕೆಟ್ ನೀರು ಹೊಯ್ದು ಕರವಸ್ತ್ರದಲ್ಲಿ ಉಜ್ಜಿದೆ. ಕಟ್ಟೆ ಕನ್ನಡಿಯಾಯಿತು. ಚೆಂಡುಹೂವಿನ ಮಾಲೆಯನ್ನು ಉದ್ದಕ್ಕೆ ಇಳಿಬಿಟ್ಟೆ. ನಾಲ್ಕು ಹೆಜ್ಜೆ ಹಿಂದೆ ಸರಿದು ನೋಡಿದೆ. ಆರು ದಿನದಲ್ಲಿ ಮೊದಲ ಬಾರಿಗೆ ಉಪಯೋಗಕ್ಕೆ ಬಂದೆ ಎಂಬ ಹೆಮ್ಮೆಯಿಂದ ಕೋಟು ಹಾಕಿಕೊಂಡು ನಿಂತೆ.

ಒಂಬತ್ತಕ್ಕೆ ಕಿತ್ತಳೆ ಛತ್ರಿ ಕಂಡಿತು. ಹತ್ತಿರ ಬಂದಂತೆ ಅದು ತಗ್ಗಿತು. ಎಲ್ಲರೂ ಕಟ್ಟೆಯ ಕಡೆಗೇ ನೋಡುತ್ತಾ ನಿಂತರು. ಇಷ್ಟು ಚೆನ್ನಾಗಿ ಉಜ್ಜಿದ್ದಕ್ಕೆ ಮೂಕರಾದರು ಎಂದೇ ನಾನು ಒಂದು ಕ್ಷಣ ತಿಳಿದದ್ದು.

‘ಕಲ್ಲುಗಳೆಲ್ಲಿ?’ ಎಂದರು ಗೈಡ್.

‘ಎಲ್ಲ ತೆಗೆದುಬಿಟ್ಟೆ ಮೇಡಂ. ಪೂರ್ತಿ ಕ್ಲೀನು.’

ಆಗ ಆಕೆ ನನಗೆ ಭಾನುವಾರದ ಉಪನ್ಯಾಸದ ಆ ಒಂದು ವಾಕ್ಯವನ್ನು ಮತ್ತೆ ಹೇಳಿದರು. ಯಹೂದಿಗಳು ಸತ್ತವರಿಗೆ ಹೂವಿಡುವುದಿಲ್ಲ, ಕಲ್ಲಿಡುತ್ತಾರೆ. ಯಾರೋ ಬಂದು ನೆನೆದರು ಎಂಬ ಗುರುತು ಅದು. ಆಂಟಿಯ ಕಲ್ಲೂ ನಿನ್ನೆಯಿಂದ ಅಲ್ಲೇ ಇತ್ತು.

ಆಂಟಿ ವಾಕರಿನ ಹಿಡಿಯನ್ನು ಬಿಟ್ಟು ಬರಿದಾದ ಕಟ್ಟೆಯನ್ನು ಎರಡು ಕೈಯಿಂದ ತಡವಿದರು, ಈ ತುದಿಯಿಂದ ಆ ತುದಿಯವರೆಗೆ. ಆಮೇಲೆ ನನ್ನ ಕಡೆ ತಿರುಗಿದರು.

‘ಎಲ್ಲಿ ಹಾಕಿದೆ?’

ಬೈದಿದ್ದರೆ ಚೆನ್ನಾಗಿತ್ತು. ನನ್ನ ಸೇವಾವಧಿಯಲ್ಲಿ ನಾನು ಬಾಂದು ಕಲ್ಲು ಕಿತ್ತವರ ಮೇಲೆ ವರದಿ ಬರೆದವನು. ಗಡಿಯ ಕಲ್ಲನ್ನು ಒಂದು ಮೊಳ ಸರಿಸಿದರೂ ಅಪರಾಧ ಎಂದು ಜಮೀನಿನ ಬದುವಿನ ಮೇಲೆ ನಿಂತು ಭಾಷಣ ಮಾಡಿದವನು. ಅಂಥ ನಾನು ಊರವರು ಇಟ್ಟ ಕಲ್ಲನ್ನೆಲ್ಲ, ಅದರಲ್ಲಿ ಒಬ್ಬ ಹುಡುಗಿಯ ಇಡೀ ಆಸ್ತಿಯನ್ನು, ಬಕೆಟ್ಟಿಗೆ ತಳ್ಳಿ ಚೆಲ್ಲಿ ಬಂದಿದ್ದೆ.

ಗುಲಾಬಿ ಗಿಡದ ಬುಡ ತೋರಿಸಿದೆ. ಹದಿಮೂರು ಮುದಿ ಮುಖಗಳು ಆ ಕಡೆ ಬಗ್ಗಿದವು. ಒಬ್ಬರು ಆಗಲೇ ಕೈ ಹಾಕಿ ಜಲ್ಲಿ ಕೆದಕತೊಡಗಿದರು.

‘ಯಾರೂ ಮುಟ್ಟಬೇಡಿ!’ ಎಂದು ಕೂಗಿದೆ. ಆ ದನಿಯನ್ನು ನಿವೃತ್ತಿಯ ನಂತರ ನಾನೂ ಕೇಳಿರಲಿಲ್ಲ. ಗೈಡ್ ಸಹ ಛತ್ರಿ ಮಡಿಸಿಬಿಟ್ಟರು.

ಮಾಲೆಯಿಂದ ದಾರ ಎಳೆದೆ. ಚೆಂಡುಹೂಗಳು ಉದುರಿದವು. ಗುಲಾಬಿ ಗಿಡದಿಂದ ಹಾದಿಯ ಅಂಚಿನವರೆಗಿನ ಜಾಗವನ್ನು ದಾರದಿಂದ ಚೌಕಗಳಾಗಿ ಕಟ್ಟಿದೆ. ಗೂಟಕ್ಕೆ ಪೆನ್ನು, ಟೂತ್‌ಪಿಕ್ಕು, ಗೈಡಿನ ಛತ್ರಿಯ ತುದಿ. ಒಂದು ಚೌಕಕ್ಕೆ ಇಬ್ಬರು. ಒಂದೊಂದೇ ಕಲ್ಲು ಎತ್ತಿ ನೋಡತಕ್ಕದ್ದು. ಜಲ್ಲಿಯಾದರೆ ಎಡಕ್ಕೆ, ಅಲ್ಲವಾದರೆ ಬಲಕ್ಕೆ. ಮಂಡಿನೋವಿನ ಹನ್ನೆರಡು ಜನ ನೆಲಕ್ಕಿಳಿದರು. ಇಳಿಯುವಾಗ ಆದ ಸದ್ದು ಹಳೆಯ ಬಾಗಿಲುಗಳದ್ದು.

‘ಹನ್ನೊಂದಕ್ಕೆ ಬಸ್ಸು’ ಎಂದರು ಗೈಡ್, ತಾವೂ ಮಂಡಿಯೂರಿ.

‘ಗೊತ್ತು ಮೇಡಂ.’

‘ಏನಪ್ಪಾ, ನಿಮ್ಮ ಊರಲ್ಲಿ ಸ್ಮಶಾನಕ್ಕೆ ಹೋದ್ರೆ ಪಾತ್ರೆ ತೊಳೀತೀರಾ?’ ಎಂದು ಪಕ್ಕದ ಚೌಕದಿಂದ ಒಬ್ಬ ಮುದುಕ ಕೇಳಿದ.

‘ಸ್ನಾನ ಮಾಡ್ತೀವಿ’ ಎಂದೆ.

‘ಪುಣ್ಯ. ಅದನ್ನ ಇಲ್ಲಿ ಶುರು ಮಾಡಬೇಡ.’

ಯಾರೋ ನಕ್ಕರು. ಆಂಟಿ ನಗಲಿಲ್ಲ. ಬೆಂಚಿನ ಮೇಲೆ ಕೈ ಕಟ್ಟಿ ಕೂತು ನಮ್ಮ ಕೈಗಳನ್ನೇ ನೋಡುತ್ತಿದ್ದರು.

ಹತ್ತೂಕಾಲಕ್ಕೆ ಬಲಗಡೆಯ ರಾಶಿ ಎರಡು ಬೊಗಸೆಯಾಯಿತು. ಅದನ್ನು ಒಬ್ಬರ ಬಿಸಿಲುಟೋಪಿಯಲ್ಲಿ ತುಂಬಿ ಆಂಟಿಯ ಮುಂದಿಟ್ಟೆ. ಗಜ್ಜುಗದ ಗಾತ್ರದ, ಬೂದು ಬಣ್ಣದ, ಒಂದು ಮಗ್ಗುಲು ಚಪ್ಪಟೆಯಾದ ಕಲ್ಲು ಅದರಲ್ಲಿ ಒಂದಲ್ಲ, ನಾಲ್ಕಿದ್ದವು. ಒದ್ದೆಯಾಗಿದ್ದರಿಂದ ನಾಲ್ಕೂ ಅವಳಿಜವಳಿಗಳ ಹಾಗೆ ಹೊಳೆಯುತ್ತಿದ್ದವು. ಆಂಟಿ ಕನ್ನಡಕ ಏರಿಸಿ ನೋಡಿದರು, ಇಳಿಸಿ ನೋಡಿದರು.

‘ಕಣ್ಣಿಗೆ ಗೊತ್ತಾಗಲ್ಲ’ ಎಂದರು.

ಒಂದು ಕಲ್ಲನ್ನು ಎತ್ತಿಕೊಂಡರು. ಕಣ್ಣು ಮುಚ್ಚಿದರು. ಗೇಣೆತ್ತರ ಮೇಲಕ್ಕೆ ಎಸೆದು, ಅಂಗೈ ತಿರುಗಿಸಿದರು. ಕಲ್ಲು ಬೆರಳ ಗೆಣ್ಣಿಗೆ ತಾಗಿ ನೆಲಕ್ಕೆ ಬಿತ್ತು. ಗೈಡ್ ಆಂಟಿಯ ಮೊಣಕೈ ಹಿಡಿದುಕೊಂಡರು. ಎರಡನೆಯದೂ ಬಿತ್ತು. ಹನ್ನೆರಡು ಜನ ಮಂಡಿಯ ಮೇಲೇ ಇದ್ದು ನೋಡುತ್ತಿದ್ದರು. ಮೂರನೆಯದು ಮೇಲೆ ಹೋಗಿ, ನರ ಉಬ್ಬಿದ ಆ ಕೈಯ ಹಿಂಬದಿಯ ಮೇಲೆ, ಚಪ್ಪಟೆ ಮಗ್ಗುಲಾಗಿ, ಬಂದು ಕೂತಿತು. ಅದು ಜಾರಲಿಲ್ಲ.

‘ಇದೇ’ ಎಂದರು.

ನಾಲ್ಕನೆಯದನ್ನು ಅವರು ಎಸೆದು ನೋಡಲಿಲ್ಲ. ನನ್ನೊಳಗಿನ ಇಲಾಖೆ ಸುಮ್ಮನಿರಬೇಕಲ್ಲ. ‘ಖಾತ್ರೀನಾ ಆಂಟಿ?’ ಎಂದುಬಿಟ್ಟೆ.

‘ಸರ್ವೇಯರ್, ನಿನ್ನ ಜನ್ಮದಲ್ಲಿ ನೀನು ಎಷ್ಟು ಕಲ್ಲನ್ನ ಖಾತ್ರಿಯಾಗಿ ನೆಟ್ಟಿದೀಯ?’

ಪ್ರಾಮಾಣಿಕ ಉತ್ತರಕ್ಕೆ ಅದು ಸ್ಥಳವಲ್ಲವಾದ್ದರಿಂದ ಟೋಪಿಯನ್ನು ಎತ್ತಿಕೊಂಡೆ.

ಉಳಿದ ಕಲ್ಲುಗಳನ್ನು ನಾನೇ ಒಂದೊಂದಾಗಿ ಕಟ್ಟೆಯ ಮೇಲಿಟ್ಟೆ. ಯಾವುದು ಯಾರದೋ, ಯಾವ ಜಾಗದಲ್ಲಿತ್ತೋ ಗೊತ್ತಿರಲಿಲ್ಲ; ಪ್ರತಿಯೊಂದಕ್ಕೂ ಮನಸ್ಸಿನಲ್ಲೇ ತಪ್ಪಾಯಿತು ಎಂದೆ. ಚೆಂಡುಹೂಗಳನ್ನು ಗುಲಾಬಿ ಗಿಡದ ಬುಡಕ್ಕೆ ಸೇರಿಸಿದೆ. ಆಮೇಲೆ ಹೆಸರು ಓದಿದರು. ಆಂಟಿಯ ಸರದಿ ಬಂದಾಗ ಅವರು ಅಕ್ಕನ ಹೆಸರನ್ನು, ಊಟಕ್ಕೆ ಕರೆಯುವಷ್ಟು ಜೋರಾಗಿ, ಒಂದೇ ಸಲ ಹೇಳಿದರು. ಕಲ್ಲನ್ನು ಕಟ್ಟೆಯ ಬಲತುದಿಯಲ್ಲಿಟ್ಟರು.

ಇಟ್ಟು, ಕೈ ತೆಗೆಯಲಿಲ್ಲ.

‘ನಾಳೆ ಇನ್ನೊಬ್ಬ ನಿನ್ನಂಥೋನು ಬಂದು ತೊಳೆದರೆ?’ ಎಂದರು.

ನ್ಯಾಯವಾದ ಪ್ರಶ್ನೆ. ಅದಕ್ಕೆ ನನಗೆ ಗೊತ್ತಿದ್ದ ಉತ್ತರ ಒಂದೇ. ವೇಳಾಪಟ್ಟಿಯ ಕಾಗದವನ್ನು ಗೈಡಿನಿಂದ ಇಸಿದುಕೊಂಡು ಹಿಂಬದಿಗೆ ತಿರುಗಿಸಿ, ಬೆಂಚಿನ ಮೇಲೆ ಕೂತು ಮಹಜರು ಬರೆದೆ. ನಮ್ಮ ಕಡೆ ಒಂದು ಗಡಿಕಲ್ಲನ್ನು ಗುರುತಿಸಿ ನೆಟ್ಟ ಮೇಲೆ, ಸ್ಥಳದಲ್ಲಿದ್ದವರ ಸಮಕ್ಷಮ ಅದು ಎಲ್ಲಿದೆ ಎಂದು ಬರೆದು ಸಹಿ ಮಾಡಿಸುತ್ತೇವೆ. ಅದಕ್ಕೆ ಹದ್ದುಬಸ್ತು ಎನ್ನುತ್ತೇವೆ. ಇಂಗ್ಲಿಷಿನಲ್ಲಿ ಬರೆಯಲು ಹೊರಟೆ, ಕೈ ಒಪ್ಪಲಿಲ್ಲ. ಮಹಜರು ಅದಕ್ಕೆ ಬರುವುದು ಕನ್ನಡದಲ್ಲಿ ಮಾತ್ರ.

‘ಈ ದಿನ ಶುಕ್ರವಾರ ಹಗಲು ಹತ್ತೂವರೆ ಗಂಟೆಗೆ, ಕೆಳಗೆ ಸಹಿ ಮಾಡಿರುವ ಪಂಚರ ಸಮಕ್ಷಮ, ಅಡಿಲೇಡ್ ನಗರದ ಸ್ಮಶಾನದಲ್ಲಿನ ಸ್ಮಾರಕದ ಕಟ್ಟೆಯ ಮೇಲೆ ಹದ್ದುಬಸ್ತು ಮಾಡಲಾದ ಕಲ್ಲಿನ ಚಕ್ಕುಬಂದಿ: ಪೂರ್ವಕ್ಕೆ ಗುಲಾಬಿ ಗಿಡ. ಪಶ್ಚಿಮಕ್ಕೆ ಇತರರ ಕಲ್ಲುಗಳು. ಉತ್ತರಕ್ಕೆ ಸ್ಮಾರಕದ ಗೋಡೆ. ದಕ್ಷಿಣಕ್ಕೆ ಬೆಂಚು ಮತ್ತು ಹಾದಿ. ಕಲ್ಲುಗಳ ಸಂಖ್ಯೆ: ಒಂದು. ಸದರಿ ಕಲ್ಲನ್ನು ಇನ್ನು ಮುಂದೆ ಯಾರೂ ಕದಲಿಸತಕ್ಕದ್ದಲ್ಲ.’

ಓದಿ ಇಂಗ್ಲಿಷಿನಲ್ಲಿ ಅರ್ಥ ಹೇಳಿದೆ. ಯಾರೂ ನಗಲಿಲ್ಲ. ಪಾತ್ರೆ ತೊಳೀತೀರಾ ಎಂದಿದ್ದ ಮುದುಕನೇ ಮೊದಲು ಪೆನ್ನಿಗೆ ಕೈ ಚಾಚಿದ. ಹನ್ನೆರಡು ಜನರೂ ಸಹಿ ಹಾಕಿದರು. ಗೈಡ್ ಗಡಿಯಾರ ನೋಡದೆ ಹಾಕಿದರು. ಇದೇ ಕಾಗದದ ಒಂದು ಪ್ರತಿಯನ್ನು ಸ್ಮಶಾನದ ಕಚೇರಿಗೂ ಕಳಿಸುತ್ತೇನೆ ಎಂದರು.

‘ಹಕ್ಕುದಾರರು’ ಎಂಬ ಜಾಗವನ್ನು ಖಾಲಿ ಬಿಟ್ಟಿದ್ದೆ. ಆಂಟಿ ಒಂದು ಕೈಯನ್ನು ಕಲ್ಲಿನ ಮೇಲೇ ಇಟ್ಟು, ಇನ್ನೊಂದರಿಂದ ಅಲ್ಲಿ ಅಕ್ಕನ ಪೂರ್ತಿ ಹೆಸರನ್ನು ನಿಧಾನವಾಗಿ ಬರೆದರು. ಕಾಗದದ ಮೇಲೆ ಆ ಹೆಸರು ಬಂದದ್ದು ಅವರಿಗೆ ತಿಳಿದ ಮಟ್ಟಿಗೆ ಅದೇ ಮೊದಲು. ಆಮೇಲೆ ನನ್ನ ಗುಂಡಗಿನ ಕನ್ನಡ ಅಕ್ಷರಗಳ ಮೇಲೆ ಬೆರಳಾಡಿಸುತ್ತಾ ಬಂದು ಒಂದು ಕಡೆ ನಿಲ್ಲಿಸಿದರು.

‘ಇಲ್ಲೇನು ಬರೆದಿದೀಯ?’

‘ಕಲ್ಲುಗಳ ಸಂಖ್ಯೆ, ಒಂದು.’

‘ತಪ್ಪು’ ಎಂದರು. ‘ಐದರಲ್ಲಿ ಒಂದು ಅಂತ ಬರಿ.’

ಹೊಡೆದುಹಾಕಿ ಬರೆದೆ. ತಿದ್ದಿದ ಕಡೆ ಸಹಿಯಿಲ್ಲದಿದ್ದರೆ ಮಹಜರು ಊರ್ಜಿತವಲ್ಲ ಎಂದೆ. ಆಂಟಿ ಕಲ್ಲಿನ ಮೇಲಿದ್ದ ಕೈಯನ್ನು ಆಗ ತೆಗೆದು, ಅದರಿಂದ ಕಾಗದವನ್ನು ಕಟ್ಟೆಯ ಮೇಲೆ ಒತ್ತಿ ಹಿಡಿದು, ತಿದ್ದಿದ ಜಾಗದ ಪಕ್ಕ ಸಹಿ ಹಾಕಿದರು.